ನಿತ್ಯಜೀವನದಲ್ಲಿ ಉಕ್ಕು: ನಾಲ್ಕು ತಾಲ್ಲೂಕುಗಳ ಹಿನ್ನೆಲೆಯಲ್ಲಿ ಒಂದು ಅವಲೋಕನ

ಮಾನವನು ಏರಿಬಂದ ನಾಗರಿಕತೆಯ ಮೆಟ್ಟಿಲುಗಳನ್ನು ಇತಿಹಾಸಕಾರರು ಶಿಲಾಯುಗ, ಕಂಚಿನ ಯುಗ, ಕಬ್ಬಿಣದ ಯುಗ ಎಂದು ಅವನು ಕೈಯಲ್ಲಿ ಹಿಡಿದ ವಸ್ತುವಿನ ಹೆಸರಿನಿಂದಲೇ ಗುರುತಿಸಿದ್ದಾರೆ. ಇದೇ ಕ್ರಮವನ್ನು ಮುಂದುವರಿಸಿದರೆ ಕಳೆದ ನೂರೈವತ್ತು ವರ್ಷಗಳ ಕಾಲವನ್ನು ಉಕ್ಕಿನ ಯುಗವೆಂದು ಕರೆಯುವುದು ಉಚಿತವಾದೀತು. ಪ್ರಾತಃಕಾಲದಲ್ಲಿ ಹಾಲು ಕರೆಯುವ ಪಾತ್ರೆಯಿಂದ ಮೊದಲ್ಗೊಂಡು ರಾತ್ರಿ ಬಾಗಿಲಿಗೆ ಹಾಕುವ ಅಗುಳಿಯವರೆಗೆ ಉಕ್ಕಿನ ಸ್ಪರ್ಶವಿಲ್ಲದೆ ಒಂದು ದಿನವೂ ಸಾಗಲಾರದು. ರೈತನ ಕುಡುಗೋಲು, ವಿದ್ಯಾರ್ಥಿಯ ಸೈಕಲ್ಲು, ದರ್ಜಿಯ ಸೂಜಿ, ವೈದ್ಯರ ಕತ್ತರಿ, ಕಾಲುವೆಯ ತೂಬು, ಶಾಲೆಯ ಗಂಟೆ ಕಟ್ಟಿದ ಸರಪಳಿ, ಮಠದ ದಾಸೋಹದಲ್ಲಿ ಸಾಲಾಗಿ ಇಟ್ಟ ತಟ್ಟೆಗಳು, ಇವೆಲ್ಲವೂ ಒಂದೇ ಲೋಹದ ನಾನಾ ರೂಪಗಳು.

ಇಷ್ಟು ಸಮೀಪದಲ್ಲಿರುವ ವಸ್ತುವಿನ ಬಗೆಗೆ ಜನಸಾಮಾನ್ಯರಲ್ಲಿರುವ ತಿಳಿವಳಿಕೆ ಮಾತ್ರ ಅತ್ಯಲ್ಪ. ಬಳಕೆ ಬೆಳೆದಷ್ಟು ಅರಿವು ಬೆಳೆದಿಲ್ಲ. ಹಿಂದೆ ಪ್ರತಿ ಊರಿನಲ್ಲಿಯೂ ಕಬ್ಬಿಣದ ಗುಣದೋಷಗಳನ್ನು ಬಲ್ಲವನೊಬ್ಬನಾದರೂ ಇರುತ್ತಿದ್ದನು. ಇಂದು ಪ್ರತಿ ಮನೆಯಲ್ಲಿಯೂ ಉಕ್ಕಿದೆ, ಬಲ್ಲವರು ಮಾತ್ರ ವಿರಳರಾಗುತ್ತಿದ್ದಾರೆ. ಶ್ರೀರಂಗಪಟ್ಟಣ, ಪಾಂಡವಪುರ, ಕೃಷ್ಣರಾಜಪೇಟೆ ಮತ್ತು ನಾಗಮಂಗಲ ಎಂಬ ನೆರೆಹೊರೆಯ ನಾಲ್ಕು ತಾಲ್ಲೂಕುಗಳ ಬದುಕನ್ನೇ ಉದಾಹರಣೆಯಾಗಿ ಇಟ್ಟುಕೊಂಡು ಈ ಲೋಹದ ಸ್ವರೂಪವನ್ನೂ ಉಪಯೋಗಗಳನ್ನೂ ಅದು ನಮ್ಮ ಮೇಲೆ ಹೊರಿಸುವ ಹೊಣೆಯನ್ನೂ ಇಲ್ಲಿ ವಿವೇಚಿಸಲಾಗಿದೆ.

ಉಕ್ಕೆಂದರೇನು?

ಕಬ್ಬಿಣ ಮತ್ತು ಉಕ್ಕು ಎಂಬ ಎರಡು ಪದಗಳನ್ನು ಆಡುಮಾತಿನಲ್ಲಿ ಒಂದೇ ಅರ್ಥದಲ್ಲಿ ಬಳಸುವುದುಂಟು. ಶಾಸ್ತ್ರದ ದೃಷ್ಟಿಯಿಂದ ಅವುಗಳಲ್ಲಿ ಭೇದವಿದೆ. ಶುದ್ಧ ಕಬ್ಬಿಣವು ಒಂದು ಮೂಲವಸ್ತು. ಅದು ತಕ್ಕಮಟ್ಟಿಗೆ ಮೃದುವಾದುದು, ಬಡಿದರೆ ಬಾಗುತ್ತದೆ, ಎಳೆದರೆ ತಂತಿಯಾಗುತ್ತದೆ. ಅದರೊಡನೆ ಅತ್ಯಲ್ಪ ಪ್ರಮಾಣದಲ್ಲಿ ಇಂಗಾಲವು ಬೆರೆತಾಗ ಉಕ್ಕು ಸಿದ್ಧವಾಗುತ್ತದೆ. ಊದುಕುಲುಮೆಯಿಂದ ನೇರವಾಗಿ ಹೊರಬರುವ ಬೀಡು ಕಬ್ಬಿಣದಲ್ಲಿ ಶೇಕಡ 4ರಷ್ಟು ಇಂಗಾಲವಿರುತ್ತದೆ. ಅದು ಗಟ್ಟಿಯೇನೋ ಹೌದು, ಆದರೆ ಸುತ್ತಿಗೆಯ ಪೆಟ್ಟಿಗೆ ಒಡೆದುಹೋಗುತ್ತದೆ. ಇಂಗಾಲವನ್ನು ಶೇಕಡ 0.1ರಿಂದ 0.25ರ ಮಿತಿಗೆ ಇಳಿಸಿದರೆ ಕಂಬಿ, ತಗಡು, ತೊಲೆಗಳಿಗೆ ಯೋಗ್ಯವಾದ ಮೆದು ಉಕ್ಕು ದೊರೆಯುತ್ತದೆ. ಶೇಕಡ 0.6ರಿಂದ 1ರವರೆಗೆ ಉಳಿಸಿಕೊಂಡರೆ ಕಮಾನುಪಟ್ಟಿ, ಗರಗಸ, ಉಳಿ, ಅಲಗುಗಳಿಗೆ ಒದಗುವ ಗಡಸು ಉಕ್ಕಾಗುತ್ತದೆ. ಅಡುಗೆಗೆ ಉಪ್ಪಿನಂತೆ ಕಬ್ಬಿಣಕ್ಕೆ ಇಂಗಾಲ: ಇಲ್ಲದಿದ್ದರೆ ಸಪ್ಪೆ, ಮಿತಿ ಮೀರಿದರೆ ಕೆಡುಕು.

ಉಕ್ಕಿನ ಮತ್ತೊಂದು ವೈಶಿಷ್ಟ್ಯವೆಂದರೆ ಅದಕ್ಕೆ ಹದ ಕೊಡಬಹುದೆಂಬುದು. ಗಡಸು ಉಕ್ಕನ್ನು ಕೆಂಪಗೆ ಕಾಯಿಸಿ ತಾನಾಗಿಯೇ ನಿಧಾನವಾಗಿ ಆರಲು ಬಿಟ್ಟರೆ ಅದು ಮೆತ್ತಗಾಗುತ್ತದೆ. ಅದನ್ನೇ ಥಟ್ಟನೆ ನೀರಿನಲ್ಲಿ ಅದ್ದಿದರೆ ಗಾಜಿನಂತೆ ಬಿರುಸಾಗುತ್ತದೆ, ಆದರೆ ಪೆಟ್ಟು ತಡೆಯದು. ಮತ್ತೆ ಹದವರಿತು ಅಲ್ಪಸ್ವಲ್ಪ ಕಾಯಿಸಿದಾಗ ಬಿರುಸಿನೊಡನೆ ತಾಳ್ಮೆಯೂ ಸೇರುತ್ತದೆ. ಈ ಕೊನೆಯ ಕಾಯಿಸುವಿಕೆಯಲ್ಲಿ ಲೋಹದ ಮೈಮೇಲೆ ಮೊದಲು ಹುಲ್ಲಿನ ಹಳದಿ, ಅನಂತರ ಕಂದು, ಆಮೇಲೆ ನೀಲಿ ಬಣ್ಣಗಳು ಹಾಯುತ್ತವೆ. ಯಾವ ಬಣ್ಣದಲ್ಲಿ ತಡೆದು ಅದ್ದಬೇಕೆಂಬುದನ್ನು ಹಳ್ಳಿಯ ಕಮ್ಮಾರನು ಕಣ್ಣಳತೆಯಿಂದಲೇ ಬಲ್ಲವನಾಗಿದ್ದನು. ಉಷ್ಣಮಾಪಕವಿಲ್ಲದ ಕಾಲದಲ್ಲಿ ಆ ಬಣ್ಣಗಳೇ ಅವನ ಪಠ್ಯವಾಗಿದ್ದವು.

ಕನ್ನಡ ನೆಲದಿಂದ ಹೊರಟ ಪದ

ಉಕ್ಕನ್ನು ಕುರಿತ ಅರಿವು ಪಾಶ್ಚಾತ್ಯರಿಂದ ಬಂದುದೆಂಬ ಭಾವನೆ ಸಾಮಾನ್ಯವಾಗಿದೆ. ವಾಸ್ತವವಾಗಿ ದಕ್ಷಿಣ ಭಾರತದ ಮೂಸೆಯುಕ್ಕು ಪ್ರಾಚೀನಕಾಲದಿಂದಲೂ ಪರದೇಶಗಳಿಗೆ ಹೋಗುತ್ತಿತ್ತು. 1790ರ ದಶಕದಲ್ಲಿ ಅದರ ಮಾದರಿಗಳು ಲಂಡನ್ನಿನ ರಾಯಲ್ ಸೊಸೈಟಿಯನ್ನು ತಲುಪಿದವು. 1795ರಲ್ಲಿ ಜಾರ್ಜ್ ಪಿಯರ್ಸನ್ ಎಂಬ ವಿದ್ವಾಂಸನು ಅದನ್ನು ಪರೀಕ್ಷಿಸಿ 'ವೂಟ್ಸ್' ಎಂಬ ಹೆಸರಿನಿಂದ ಪ್ರಬಂಧವನ್ನು ಪ್ರಕಟಿಸಿದನು. ಕನ್ನಡದ 'ಉಕ್ಕು' ಎಂಬ ಪದವೇ ಆಂಗ್ಲರ ನಾಲಗೆಯಲ್ಲಿ ಹೀಗೆ ರೂಪಾಂತರ ಹೊಂದಿತೆಂಬುದು ಬಹುಮಂದಿ ವಿದ್ವಾಂಸರ ಅಭಿಪ್ರಾಯ. ವಿದ್ಯುತ್ತಿನ ಸಂಶೋಧನೆಗಳಿಂದ ಪ್ರಖ್ಯಾತನಾದ ಮೈಕೆಲ್ ಫ್ಯಾರಡೆಯು ತನ್ನ ತಾರುಣ್ಯದಲ್ಲಿ, ಜೇಮ್ಸ್ ಸ್ಟೋಡಾರ್ಟ್ ಎಂಬುವನ ಜೊತೆಗೂಡಿ, ಇದೇ ಉಕ್ಕಿನ ಮರ್ಮವನ್ನು ಭೇದಿಸಲು ಪ್ರಯೋಗಗಳನ್ನು ನಡೆಸಿದನು.

ಮೈಸೂರು ಸೀಮೆಯಲ್ಲಿ ಈ ಉಕ್ಕು ಸಿದ್ಧವಾಗುತ್ತಿದ್ದ ಬಗೆಯನ್ನು 1800-01ರಲ್ಲಿ ಇಲ್ಲಿ ಸಂಚರಿಸಿದ ಫ್ರಾನ್ಸಿಸ್ ಬುಕಾನನ್ ವಿವರವಾಗಿ ದಾಖಲಿಸಿದ್ದಾನೆ. ಇದ್ದಿಲಿನ ಸಣ್ಣ ಕುಲುಮೆಯಲ್ಲಿ ಕಬ್ಬಿಣವು ಪೂರ್ಣವಾಗಿ ಕರಗುತ್ತಿರಲಿಲ್ಲ, ಏಕೆಂದರೆ ಶುದ್ಧ ಕಬ್ಬಿಣ ಕರಗಲು 1538 ಡಿಗ್ರಿ ಸೆಲ್ಸಿಯಸ್ ಶಾಖ ಬೇಕು. ದೊರೆತ ರಂಧ್ರಮಯ ಮುದ್ದೆಯನ್ನು ಬಡಿದು ಕಸರನ್ನು ತೆಗೆದು, ಚೂರು ಮಾಡಿ, ಆವರಿಕೆಯ ಕಟ್ಟಿಗೆ ಮತ್ತು ಹಸಿರೆಲೆಗಳೊಡನೆ ಮಣ್ಣಿನ ಮೂಸೆಯಲ್ಲಿಟ್ಟು ಬಾಯಿ ಮುಚ್ಚಿ ತಿದಿಯೊತ್ತಿ ಕಾಯಿಸುತ್ತಿದ್ದರು. ಕಟ್ಟಿಗೆಯ ಇಂಗಾಲವು ಕಬ್ಬಿಣದೊಳಕ್ಕೆ ಸೇರಿದಂತೆಲ್ಲ ಅದರ ಕರಗುವ ಮಟ್ಟ ಕೆಳಗಿಳಿದು, ಕೊನೆಗೆ ಮೂಸೆಯಲ್ಲಿ ಉಕ್ಕು ದ್ರವವಾಗಿ ನಿಲ್ಲುತ್ತಿತ್ತು. ಚನ್ನಪಟ್ಟಣದಲ್ಲಿ ವಾದ್ಯಗಳಿಗೆ ಬೇಕಾದ ಉಕ್ಕಿನ ತಂತಿಯನ್ನು ಎಳೆಯುತ್ತಿದ್ದುದನ್ನೂ, ಅದು ದೂರದೂರದ ಪ್ರಾಂತಗಳಿಗೆ ಹೋಗುತ್ತಿದ್ದುದನ್ನೂ ಬುಕಾನನ್ ಉಲ್ಲೇಖಿಸಿದ್ದಾನೆ. ಕಾರಣವನ್ನು ರಸಾಯನಶಾಸ್ತ್ರದ ಭಾಷೆಯಲ್ಲಿ ಹೇಳಲು ಆ ಕುಶಲಿಗಳಿಗೆ ಬಾರದಿದ್ದರೂ ಕಾರ್ಯದಲ್ಲಿ ಅವರು ಸಿದ್ಧಹಸ್ತರಾಗಿದ್ದರು.

ಈ ವಿದ್ಯೆ ಉಳಿಯಲಿಲ್ಲ. 1856ರಲ್ಲಿ ಹೆನ್ರಿ ಬೆಸೆಮರ್ ಕರಗಿದ ಬೀಡು ಕಬ್ಬಿಣದೊಳಗೆ ಗಾಳಿಯನ್ನು ಹಾಯಿಸಿ, ಹೆಚ್ಚಿನ ಇಂಗಾಲವನ್ನು ಸುಟ್ಟು, ಟನ್ನುಗಟ್ಟಲೆ ಉಕ್ಕನ್ನು ಕೆಲವೇ ನಿಮಿಷಗಳಲ್ಲಿ ಸಿದ್ಧಗೊಳಿಸುವ ಮಾರ್ಗವನ್ನು ತೋರಿಸಿದನು. ಅಗ್ಗದ ಉಕ್ಕು ಹಡಗುಗಳಲ್ಲಿ ಬಂದಿಳಿಯತೊಡಗಿದ ಮೇಲೆ ಹಳ್ಳಿಯ ಮೂಸೆಗಳು ಒಂದೊಂದಾಗಿ ತಣ್ಣಗಾದವು. ಪದವನ್ನು ಲೋಕಕ್ಕೆ ಕೊಟ್ಟ ನಾಡು ಪದಾರ್ಥವನ್ನು ಹೊರಗಿನಿಂದ ಕೊಳ್ಳುವ ಸ್ಥಿತಿಗೆ ಬಂದಿತು.

ಶ್ರೀರಂಗಪಟ್ಟಣದ ಸಾಕ್ಷ್ಯ

ಕಬ್ಬಿಣ ಉಕ್ಕುಗಳ ಚರಿತ್ರೆಯಲ್ಲಿ ಶ್ರೀರಂಗಪಟ್ಟಣಕ್ಕೆ ಗಣ್ಯವಾದ ಸ್ಥಾನವಿದೆ. ಹೈದರಾಲಿ ಮತ್ತು ಟಿಪ್ಪು ಸುಲ್ತಾನರ ಸೈನ್ಯದಲ್ಲಿದ್ದ ಬಾಣಗಳು, ಎಂದರೆ ಇಂದಿನ ಭಾಷೆಯಲ್ಲಿ ರಾಕೆಟ್ಟುಗಳು, ಕಬ್ಬಿಣದ ಕೊಳವೆಯವಾಗಿದ್ದವು. ಅನ್ಯತ್ರ ಕಾಗದದ ಅಥವಾ ಬಿದಿರಿನ ಕೊಳವೆಗಳು ಬಳಕೆಯಲ್ಲಿದ್ದಾಗ, ಒಂದು ಗೇಣುದ್ದದ ಕಬ್ಬಿಣದ ಕೊಳವೆಯಲ್ಲಿ ಮದ್ದನ್ನು ಗಿಡಿದು ಬಿದಿರಿನ ಗಳುವಿಗೆ ಬಿಗಿದ ಈ ಅಸ್ತ್ರವು ಹೆಚ್ಚಿನ ಒತ್ತಡವನ್ನು ತಾಳಿ ಹೆಚ್ಚು ದೂರಕ್ಕೆ ಚಿಮ್ಮುತ್ತಿತ್ತು. 1780ರ ಪೊಳ್ಳಿಲೂರು ಕದನದಲ್ಲಿ ಇವುಗಳ ಪ್ರಭಾವವನ್ನು ಆಂಗ್ಲರು ಅನುಭವಿಸಿದರು. 1799ರ ಮೇ 4ರಂದು ಕೋಟೆ ಬಿದ್ದ ಮೇಲೆ ಇಂಗ್ಲೆಂಡಿಗೆ ಸಾಗಿಸಲಾದ ಬಾಣಗಳು ವಿಲಿಯಂ ಕಾಂಗ್ರೀವನ ರಾಕೆಟ್ಟುಗಳಿಗೆ ಪ್ರೇರಣೆಯಾದವು. 2018ರಲ್ಲಿ ಶಿವಮೊಗ್ಗ ಜಿಲ್ಲೆಯ ನಗರದ ಹಳೆಯ ಬಾವಿಯೊಂದರಲ್ಲಿ ಇಂಥ ಸಾವಿರದಷ್ಟು ಕೊಳವೆಗಳು ದೊರೆತುದು ಈ ವಿಷಯಕ್ಕೆ ಪ್ರತ್ಯಕ್ಷ ಪ್ರಮಾಣವನ್ನು ಒದಗಿಸಿತು.

ಕೋಟೆ ಬಿದ್ದ ಐದು ವರ್ಷಗಳಲ್ಲಿಯೇ, 1804ರಲ್ಲಿ, ದಿವಾನ್ ಪೂರ್ಣಯ್ಯನವರು ಕಾವೇರಿಗೆ ಕಟ್ಟಿಸಿದ ವೆಲ್ಲೆಸ್ಲಿ ಸೇತುವೆಯು ಕಲ್ಲಿನ ಕಂಬಗಳ ಮೇಲೆ ಕಲ್ಲಿನ ತೊಲೆಗಳನ್ನು ಹೊರಿಸಿ ನಿರ್ಮಿಸಿದುದು. ಕಲ್ಲು ಭಾರವನ್ನು ಹೊರಬಲ್ಲದು, ಎಳೆತವನ್ನು ತಾಳಲಾರದು. ಆದ್ದರಿಂದ ಕಂಬಗಳು ಒತ್ತೊತ್ತಾಗಿ ನಿಂತಿವೆ. 1882ರಲ್ಲಿ ಬೆಂಗಳೂರು-ಮೈಸೂರು ರೈಲುಮಾರ್ಗವು ಪೂರ್ಣಗೊಂಡು ದ್ವೀಪದ ಕೋಟೆಯೊಳಗಿಂದಲೇ ಹಾದುಹೋಯಿತು. ಅಗಲವಾದ ಹರಿವನ್ನು ದೂರದೂರದ ಕಂಬಗಳ ಮೇಲೆ ದಾಟಿಸಿ ರೈಲನ್ನು ಹೊರುವ ಸಾಮರ್ಥ್ಯ ಲೋಹದ ತೊಲೆಗಳಿಗಿದೆ. ಕಲ್ಲಿನ ಸೇತುವೆಯನ್ನೂ ರೈಲಿನ ಸೇತುವೆಯನ್ನೂ ಒಂದೇ ಪ್ರವಾಸದಲ್ಲಿ ತೋರಿಸಿದರೆ ಎಳೆತ ಮತ್ತು ಒತ್ತಡಗಳ ಪಾಠ ಮಕ್ಕಳಿಗೆ ಸುಲಭವಾಗಿ ಮನದಟ್ಟಾಗುತ್ತದೆ.

ಇದೇ ರೈಲುಮಾರ್ಗವನ್ನು ಜೋಡಿಮಾರ್ಗವಾಗಿಸುವ ಸಂದರ್ಭದಲ್ಲಿ ಟಿಪ್ಪುವಿನ ಕಾಲದ ಮದ್ದಿನ ಮನೆಯೊಂದು ಅಡ್ಡವಾಯಿತು. ಇಟ್ಟಿಗೆ ಗಾರೆಗಳ ಈ ಕಟ್ಟಡವನ್ನು ಕೆಡವದೆ, 2017ರ ಮಾರ್ಚ್ ತಿಂಗಳಲ್ಲಿ ಅದರ ತಳಕ್ಕೆ ಉಕ್ಕಿನ ತೊಲೆಗಳನ್ನು ತೂರಿಸಿ, ಜಾಕ್‌ಗಳಿಂದ ಮೇಲೆತ್ತಿ, ಸುಮಾರು 130 ಮೀಟರ್ ದೂರಕ್ಕೆ ಇಡಿಯಾಗಿ ಸರಿಸಿ ನಿಲ್ಲಿಸಲಾಯಿತು. ಅದರ ತೂಕ ಸುಮಾರು ಸಾವಿರ ಟನ್. ಹಳೆಯದನ್ನು ಅಳಿಸದೆ ಹೊಸದಕ್ಕೆ ಎಡೆ ಮಾಡಿಕೊಡುವ ಕಾರ್ಯದಲ್ಲಿ ಉಕ್ಕು ಹೀಗೆ ನೆರವಾಯಿತು.

ಅಣೆಕಟ್ಟಿನ ಬಾಗಿಲು

ಮಂಡ್ಯ ಸೀಮೆಯ ಬದುಕು ಕನ್ನಂಬಾಡಿಯ ಕೃಷ್ಣರಾಜಸಾಗರವನ್ನು ಅವಲಂಬಿಸಿದೆ. 1911ರಲ್ಲಿ ಆರಂಭವಾದ ಈ ಕಟ್ಟೆಯ ನಿರ್ಮಾಣದಲ್ಲಿ ಕಲ್ಲು ಮತ್ತು ಸುರ್ಕಿ ಗಾರೆ ಬಳಕೆಯಾದುದು ಸುಪ್ರಸಿದ್ಧ. ಕಲ್ಲಿನ ಗೋಡೆಯು ನೀರನ್ನು ತಡೆದು ನಿಲ್ಲಿಸಬಲ್ಲದು. ಬೇಕಾದಾಗ ಬೇಕಾದಷ್ಟು ನೀರನ್ನು ಬಿಡುವ ವಿವೇಕ ಇರುವುದು ಅದರ ಗೇಟುಗಳಲ್ಲಿ. ಸರ್ ಎಂ. ವಿಶ್ವೇಶ್ವರಯ್ಯನವರು 1903ರಲ್ಲಿಯೇ ಪುಣೆಯ ಬಳಿಯ ಖಡಕ್‌ವಾಸ್ಲಾದಲ್ಲಿ ಸ್ವಯಂಚಾಲಿತ ಗೇಟುಗಳನ್ನು ಅಳವಡಿಸಿ ಖ್ಯಾತರಾಗಿದ್ದರು. ಆ ಕಲ್ಪನೆ ಕನ್ನಂಬಾಡಿಯಲ್ಲಿಯೂ ಸಾಕಾರಗೊಂಡಿತು. ಜಲಾಶಯವು 124.80 ಅಡಿಯ ಗರಿಷ್ಠ ಮಟ್ಟವನ್ನು ಮುಟ್ಟಿದ ಸುದ್ದಿ ಪತ್ರಿಕೆಗಳಲ್ಲಿ ಬಂದಾಗ ರೈತರ ಮನಸ್ಸು ತುಂಬುತ್ತದೆ. ಅಷ್ಟು ನೀರಿನ ಒತ್ತಡವನ್ನು ಹಗಲಿರುಳೂ ತಡೆದು ನಿಂತ ಲೋಹದ ಹಲಗೆಗಳ ನೆನಪು ಬಹಳ ಮಂದಿಗೆ ಬರುವುದಿಲ್ಲ.

ಆ ನೆನಪನ್ನು ತಂದುಕೊಟ್ಟುದು ಹೊಸಪೇಟೆಯಲ್ಲಿ ನಡೆದ ಒಂದು ಅವಘಡ. 2024ರ ಆಗಸ್ಟ್ 10ರ ರಾತ್ರಿ ತುಂಗಭದ್ರಾ ಜಲಾಶಯದ 33 ಗೇಟುಗಳಲ್ಲಿ 19ನೆಯದರ ಸರಪಳಿ ತುಂಡಾಗಿ ಗೇಟು ಕೊಚ್ಚಿಹೋಯಿತು. ತುಂಬಿದ್ದ ಜಲಾಶಯದಿಂದ ಅಪಾರ ನೀರು ನದಿಯ ಪಾಲಾಯಿತು. ಉಕ್ಕಿನ ಹಲಗೆಗಳನ್ನು ತ್ವರಿತವಾಗಿ ಸಿದ್ಧಪಡಿಸಿ, ಹರಿಯುವ ನೀರಿನಲ್ಲಿಯೇ ಒಂದರ ಮೇಲೊಂದು ಇಳಿಸಿ, ಒಂದು ವಾರದೊಳಗೆ ದ್ವಾರವನ್ನು ಮುಚ್ಚಿದ ತಂತ್ರಜ್ಞರ ಮತ್ತು ಕಾರ್ಮಿಕರ ಸಾಹಸ ಸ್ಮರಣೀಯವಾದುದು. ಏಳು ದಶಕಗಳ ಕಾಲ ದುಡಿದ ಲೋಹಕ್ಕೂ ಆಯಾಸವುಂಟೆಂಬ ಪಾಠವನ್ನು ಈ ಘಟನೆ ಕಲಿಸಿತು. ಪದೇ ಪದೇ ಎಳೆತಕ್ಕೆ ಸಿಕ್ಕಿದ ಕೊಂಡಿಯಲ್ಲಿ ಕಣ್ಣಿಗೆ ಕಾಣದ ಬಿರುಕು ಹುಟ್ಟಿ ವರ್ಷಾನುವರ್ಷ ಬೆಳೆಯಬಹುದು. ತುಕ್ಕು ಅದರ ದಪ್ಪವನ್ನು ಸವೆಸಬಹುದು. ಕೃಷ್ಣರಾಜಸಾಗರದಲ್ಲಿಯೂ ಈಚಿನ ವರ್ಷಗಳಲ್ಲಿ ಹಳೆಯ ಗೇಟುಗಳನ್ನು ತೆಗೆದು ಹೊಸವನ್ನು ಕೂಡಿಸಲಾಗಿದೆ. ಲಕ್ಷಾಂತರ ಜನರ ಅನ್ನವು ಒಂದು ಕೊಂಡಿಯ ಗಟ್ಟಿತನವನ್ನು ನೆಚ್ಚಿರುವಾಗ, ಆ ಕೊಂಡಿಯನ್ನು ಪರೀಕ್ಷಿಸಿ ಎಣ್ಣೆ ಹಾಕುವ ನೌಕರನ ಕಾಯಕವು ಅಣೆಕಟ್ಟನ್ನು ಕಟ್ಟಿದವರ ಕಾಯಕಕ್ಕಿಂತ ಕಡಿಮೆಯದಲ್ಲ.

ಉಳಿ, ನೇಗಿಲು, ಆಲೆಮನೆ

ನದಿಯಿಂದ ಹೊಲಗದ್ದೆಗಳ ಕಡೆಗೆ ತಿರುಗಿದರೆ ಉಕ್ಕಿನ ಇನ್ನೊಂದು ಮುಖ ಕಾಣುತ್ತದೆ. ಕೃಷ್ಣರಾಜಪೇಟೆ ತಾಲ್ಲೂಕಿನ ಕಿಕ್ಕೇರಿ, ಹೊಸಹೊಳಲು, ಗೋವಿಂದನಹಳ್ಳಿಗಳ ಹೊಯ್ಸಳ ದೇವಾಲಯಗಳನ್ನು ನೋಡಿದವರು ಬಳಪದ ಕಲ್ಲಿನ ಮೃದುತ್ವವನ್ನು ಹೊಗಳುವುದುಂಟು. ಕಲ್ಲು ಎಷ್ಟೇ ಮೃದುವಾಗಿರಲಿ, ಕೂದಲೆಳೆಯ ಕುಸುರಿಯನ್ನು ಬಿಡಿಸಲು ಹದಗೊಂಡ ಉಳಿ ಬೇಕು. ದಿನವೂ ಮೊಂಡಾಗುವ ಉಳಿಗಳನ್ನು ಮತ್ತೆ ಕಾಯಿಸಿ, ತಟ್ಟಿ, ಹದ ಹಾಕಿ ಕೊಡುವ ಕಮ್ಮಾರನಿಲ್ಲದೆ ಶಿಲ್ಪಿಯ ಕೈ ಮುಂದೆ ಸಾಗದು. ಶಿಲ್ಪಿಗಳ ಹೆಸರುಗಳು ಹೊಯ್ಸಳ ದೇಗುಲಗಳಲ್ಲಿ ಅಲ್ಲಲ್ಲಿ ದೊರೆಯುತ್ತವೆ. ಉಳಿಗೆ ಹದ ಹಾಕಿದವನ ಹೆಸರನ್ನು ಕಲ್ಲಿನಲ್ಲಿ ಹುಡುಕುವವರೂ ಇಲ್ಲ.

ಅದೇ ಕಮ್ಮಾರನು ಗ್ರಾಮಜೀವನದ ಆಧಾರಸ್ತಂಭವಾಗಿದ್ದನು. ನೇಗಿಲಿನ ಗುಳ, ಗುದ್ದಲಿ, ಹಾರೆ, ಮಚ್ಚು, ಕುಡುಗೋಲು, ಗಾಡಿಯ ಚಕ್ರಕ್ಕೆ ತೊಡಿಸುವ ಕಬ್ಬಿಣದ ಪಟ್ಟೆ, ಎತ್ತಿನ ಲಾಳ, ಇವೆಲ್ಲವೂ ಅವನ ಕುಲುಮೆಯಿಂದಲೇ ಬರಬೇಕಾಗಿತ್ತು. ಮುಂಗಾರಿಗೆ ಮೊದಲು ಗುಳ ತಟ್ಟಿಸಲು ರೈತರು ಅವನ ಮನೆಯ ಮುಂದೆ ಕಾಯುತ್ತಿದ್ದರು. ಸುಗ್ಗಿಯ ಕಣದಲ್ಲಿ ಅವನ ಪಾಲಿನ ಆಯವನ್ನು ಅಳೆದುಕೊಡುತ್ತಿದ್ದರು. ಇಂದು ಟ್ರ್ಯಾಕ್ಟರು, ಟಿಲ್ಲರು, ಕಟಾವು ಯಂತ್ರಗಳು ಬಂದಿವೆ. ಕೆಟ್ಟ ಬಿಡಿಭಾಗವನ್ನು ಅಂಗಡಿಯಿಂದ ತರುವ ಪದ್ಧತಿ ಬೆಳೆದಿದೆ. ಆದರೂ ಊರೂರಿನ ವೆಲ್ಡಿಂಗ್ ಅಂಗಡಿಗಳಲ್ಲಿ ಆ ಹಳೆಯ ಕುಲುಮೆಯ ಸತ್ತ್ವ ಸ್ವಲ್ಪಮಟ್ಟಿಗೆ ಜೀವಂತವಾಗಿದೆ. ಹಳೆಯ ಲಾರಿಯ ಕಮಾನುಪಟ್ಟಿಯಿಂದ ಮಾಡಿದ ಮಚ್ಚು ಬಹುಕಾಲ ಅಲಗು ಕಳೆದುಕೊಳ್ಳದೆಂಬುದು ರೈತರೆಲ್ಲರಿಗೂ ತಿಳಿದ ವಿಷಯ. ಕಮಾನುಪಟ್ಟಿಯ ಉಕ್ಕಿನಲ್ಲಿ ಇಂಗಾಲದ ಪ್ರಮಾಣ ಹೆಚ್ಚಿರುವುದೇ ಅದಕ್ಕೆ ಕಾರಣವೆಂಬುದನ್ನು ಪಾಠಶಾಲೆ ತಿಳಿಸಿಕೊಡಬೇಕು.

ಪಾಂಡವಪುರ ಮತ್ತು ಸುತ್ತಣ ಪ್ರದೇಶ ಕಬ್ಬಿನ ಬೀಡು. ಹಿಂದೆ ಕಬ್ಬನ್ನು ಅರೆಯಲು ಕಲ್ಲುಗಾಣ, ಮರದ ಗಾಣಗಳಿದ್ದವು. 1870ರ ದಶಕದಲ್ಲಿ ಬಿಹಾರದ ಬಿಹಿಯಾ ಎಂಬಲ್ಲಿ ರೂಪುಗೊಂಡ ಕಬ್ಬಿಣದ ಉರುಳೆಗಳ ಗಾಣವು ಕ್ರಮೇಣ ದೇಶದ ನಾನಾ ಭಾಗಗಳಿಗೆ ಹರಡಿತು. ಉರುಳೆಗಳ ನಡುವಣ ಸಂದನ್ನು ಬಿಗಿಯಾಗಿ ಹೊಂದಿಸಬಹುದಾದ್ದರಿಂದ ಸಿಪ್ಪೆಯಲ್ಲಿ ಉಳಿದು ಹಾಳಾಗುತ್ತಿದ್ದ ರಸ ಕೊಪ್ಪರಿಗೆಗೆ ಸೇರಿತು. ಇಂದಿಗೂ ಆಲೆಮನೆಯ ಗಾಣ, ಕೊಪ್ಪರಿಗೆ, ಬೆಲ್ಲ ಗೋರುವ ಸಾಧನ, ಎಲ್ಲವೂ ಕಬ್ಬಿಣ ಉಕ್ಕುಗಳವೇ. ಪಾಂಡವಪುರದ ಸಹಕಾರಿ ಸಕ್ಕರೆ ಕಾರ್ಖಾನೆಯಂಥ ದೊಡ್ಡ ಸ್ಥಾವರದಲ್ಲಿ ಇದೇ ತತ್ತ್ವ ಬೃಹತ್ ಪ್ರಮಾಣದಲ್ಲಿ ಕೆಲಸ ಮಾಡುತ್ತದೆ. ಅಲ್ಲಿ ಉಕ್ಕಿನ ಕತ್ತಿಗಳು ಕಬ್ಬನ್ನು ಸೀಳುತ್ತವೆ, ಉಕ್ಕಿನ ಅಚ್ಚಿಗೆ ತೊಡಿಸಿದ ಬೀಡಿನ ಉರುಳೆಗಳು ಹಿಂಡುತ್ತವೆ, ಉಕ್ಕಿನ ಬಾಯ್ಲರು ಸಿಪ್ಪೆಯನ್ನೇ ಉರಿಸಿ ಆವಿಯನ್ನು ಒದಗಿಸುತ್ತದೆ. ಕಬ್ಬಿನ ರಸ ಅಲ್ಪ ಆಮ್ಲಗುಣವುಳ್ಳದ್ದಾದುದರಿಂದ ಸಾಧಾರಣ ಉಕ್ಕನ್ನು ಮೆಲ್ಲನೆ ತಿನ್ನುತ್ತದೆ. ಆದಕಾರಣ ಅರೆಯುವ ಕಾಲ ಮುಗಿದ ಕೂಡಲೆ ಯಂತ್ರಗಳನ್ನು ಬಿಚ್ಚಿ, ತೊಳೆದು, ಸವೆದುದನ್ನು ಸರಿಪಡಿಸುವ ಕ್ರಮವುಂಟು. ನಿಂತ ಯಂತ್ರಕ್ಕೆ ದುಡಿಯುವ ಯಂತ್ರಕ್ಕಿಂತ ಬೇಗ ತುಕ್ಕು ಹಿಡಿಯುತ್ತದೆ. ಕಾರ್ಖಾನೆಯ ಬಾಗಿಲು ಮುಚ್ಚಿದ್ದ ವರ್ಷಗಳನ್ನು ಕಂಡ ಕಬ್ಬು ಬೆಳೆಗಾರರಿಗೆ ಈ ಮಾತಿನ ಅರ್ಥವನ್ನು ಬಿಡಿಸಿ ಹೇಳಬೇಕಾಗಿಲ್ಲ.

ನಾಗಮಂಗಲದ ಹಿತ್ತಾಳೆ, ಅಡುಗೆಮನೆಯ ಉಕ್ಕು

ನಾಗಮಂಗಲವು ಹಿತ್ತಾಳೆ ಮತ್ತು ಕಂಚಿನ ಕೆಲಸಕ್ಕೆ ಹೆಸರಾದ ಊರು. ಅಲ್ಲಿನ ಕುಶಲಿಗಳ ಕೈಯ ಬಿಂದಿಗೆ, ಚಂಬು, ತಟ್ಟೆ, ದೀಪಗಳು ಬಹುಕಾಲ ಮನೆಮನೆಯ ಗೌರವದ ವಸ್ತುಗಳಾಗಿದ್ದವು. ಆದರೆ ಹಿತ್ತಾಳೆಯ ಪಾತ್ರೆಗಳು ಗೃಹಿಣಿಯರ ಮೇಲೆ ಹೊರಿಸುತ್ತಿದ್ದ ಶ್ರಮ ಸಾಮಾನ್ಯವಾದುದಲ್ಲ. ಹುಳಿಯ ಪದಾರ್ಥವನ್ನೂ ಮಜ್ಜಿಗೆಯನ್ನೂ ಅವುಗಳಲ್ಲಿ ಇಟ್ಟರೆ ಕಿಲುಬು ಏರಿ ಆಹಾರ ಕೆಡುತ್ತಿತ್ತು. ಅದನ್ನು ತಡೆಯಲು ಕಾಲಕಾಲಕ್ಕೆ ಕಲಾಯಿ ಮಾಡಿಸಬೇಕಾಗಿತ್ತು. ಕಲಾಯಿಯವನು ಪಾತ್ರೆಯನ್ನು ಕೆಂಡದ ಮೇಲೆ ಕಾಯಿಸಿ, ನವಸಾಗರದ ಪುಡಿಯನ್ನು ಉದುರಿಸಿ, ತವರವನ್ನು ಅರಿವೆಯಿಂದ ತೀಡುತ್ತಿದ್ದ ದೃಶ್ಯ ಹಿರಿಯರಿಗೆ ನೆನಪಿರಬಹುದು. ಹೊರಮೈಯನ್ನು ಹುಣಸೆಹಣ್ಣು, ಬೂದಿಗಳಿಂದ ನಿತ್ಯವೂ ಬೆಳಗಬೇಕಾಗಿತ್ತು.

1913ರಲ್ಲಿ ಇಂಗ್ಲೆಂಡಿನ ಶೆಫೀಲ್ಡಿನಲ್ಲಿ ಹ್ಯಾರಿ ಬ್ರಿಯರ್ಲಿ ಎಂಬ ಲೋಹತಜ್ಞನು ಬಂದೂಕಿನ ನಳಿಗೆಗಳಿಗೆ ಒಳ್ಳೆಯ ಉಕ್ಕನ್ನು ಹುಡುಕುತ್ತ, ಕ್ರೋಮಿಯಂ ಬೆರೆತ ಉಕ್ಕಿಗೆ ತುಕ್ಕು ಹಿಡಿಯದೆಂಬುದನ್ನು ಗಮನಿಸಿದನು. ಉಕ್ಕಿನಲ್ಲಿ ಶೇಕಡ 10.5ಕ್ಕಿಂತ ಹೆಚ್ಚು ಕ್ರೋಮಿಯಂ ಇದ್ದಾಗ ಗಾಳಿಯ ಆಮ್ಲಜನಕದೊಡನೆ ಅದು ಸೇರಿ ಮೇಲ್ಮೈಯಲ್ಲಿ ಕಣ್ಣಿಗೆ ಕಾಣದಷ್ಟು ತೆಳುವಾದ ಪೊರೆಯನ್ನು ಕಟ್ಟುತ್ತದೆ. ಗೀರು ಬಿದ್ದರೂ ಆ ಪೊರೆ ತಾನೇ ಮತ್ತೆ ಬೆಳೆಯುತ್ತದೆ. ಸುಮಾರು ಶೇಕಡ 18 ಕ್ರೋಮಿಯಂ, ಶೇಕಡ 8 ನಿಕ್ಕಲ್ ಇರುವ ಜಾತಿ ಪಾತ್ರೆಗಳಿಗೆ ಉತ್ತಮವಾದುದು. ನಿಕ್ಕಲ್ ದುಬಾರಿಯಾದುದರಿಂದ ಅದರ ಬದಲು ಮ್ಯಾಂಗನೀಸನ್ನು ಹೆಚ್ಚಾಗಿ ಬೆರೆಸಿದ ಅಗ್ಗದ ಜಾತಿಗಳೂ ಪೇಟೆಯಲ್ಲಿವೆ. ಇವೆರಡೂ ಅಯಸ್ಕಾಂತಕ್ಕೆ ಹೆಚ್ಚಾಗಿ ಅಂಟುವುದಿಲ್ಲವಾದ್ದರಿಂದ ಅಯಸ್ಕಾಂತವನ್ನು ತೋರಿಸಿ ಮಾಡುವ ಪರೀಕ್ಷೆಯೊಂದರಿಂದಲೇ ಉತ್ತಮ ಜಾತಿಯನ್ನು ನಿರ್ಣಯಿಸಲಾಗದು.

1980ರ ದಶಕದ ಆದಿಯಲ್ಲಿ ನೆರೆಯ ಸೇಲಂನಲ್ಲಿ ತುಕ್ಕುರಹಿತ ಉಕ್ಕಿನ ತಗಡುಗಳ ಸರ್ಕಾರಿ ಕಾರ್ಖಾನೆ ಕೆಲಸ ಆರಂಭಿಸಿತು. ಸ್ಟೀಲ್ ಪಾತ್ರೆಗಳು ಅಗ್ಗವಾದಂತೆ ಮದುವೆಗಳಲ್ಲಿ ಹೆಸರು ಕೆತ್ತಿಸಿದ ಬಿಂದಿಗೆ, ಡಬರಿ, ಲೋಟಗಳ ಉಡುಗೊರೆ ಸಾಮಾನ್ಯವಾಯಿತು. ಕಲಾಯಿಯವನ ಕೂಗು ಬೀದಿಗಳಿಂದ ಮರೆಯಾಯಿತು. ನಾಗಮಂಗಲದ ಪಾತ್ರೆಯ ವ್ಯಾಪಾರ ಕುಗ್ಗಿ, ಅಲ್ಲಿನ ಕುಶಲಿಗಳ ಕೈ ವಿಗ್ರಹ, ದೀಪ, ದೇವರ ಪ್ರಭಾವಳಿಗಳ ಕಡೆಗೆ ಹೆಚ್ಚಾಗಿ ತಿರುಗಿತು. ಒಂದು ಲೋಹದ ಏಳಿಗೆಯಲ್ಲಿ ಮತ್ತೊಂದನ್ನು ನಂಬಿದವರ ಕಷ್ಟವೂ ಅಡಗಿರುತ್ತದೆಂಬುದನ್ನು ಮರೆಯಬಾರದು. ಹಾಗೆಯೇ ಹುಣಸೆಹಣ್ಣು ಬೂದಿಗಳಲ್ಲಿ ಸವೆದ ಹೆಣ್ಣುಮಕ್ಕಳ ಕೈಗಳಿಗೆ ದೊರೆತ ಬಿಡುವನ್ನೂ ಲೆಕ್ಕಕ್ಕೆ ತೆಗೆದುಕೊಳ್ಳಬೇಕು.

ಸಾಮಾಜಿಕವಾಗಿಯೂ ಸ್ಟೀಲ್ ತಟ್ಟೆ ಒಂದು ಮಹತ್ತರ ಕಾರ್ಯವನ್ನು ಮಾಡಿದೆ. ಬೆಳ್ಳಿ, ಕಂಚು, ಹಿತ್ತಾಳೆ, ಮಣ್ಣು ಎಂದು ಉಣ್ಣುವ ಪಾತ್ರೆಯೇ ಉಣ್ಣುವವರ ಅಂತಸ್ತನ್ನು ಸಾರುತ್ತಿದ್ದ ಕಾಲವೊಂದಿತ್ತು. ಮಠಗಳ ಪ್ರಸಾದನಿಲಯಗಳಲ್ಲಿ, 2002ರಲ್ಲಿ ರಾಜ್ಯದಲ್ಲಿ ಆರಂಭವಾದ ಅಕ್ಷರ ದಾಸೋಹದ ಶಾಲೆಗಳಲ್ಲಿ, ಎಲ್ಲ ಮಕ್ಕಳ ಮುಂದೆಯೂ ಇರುವುದು ಒಂದೇ ಬಗೆಯ ತಟ್ಟೆ, ಒಂದೇ ಬಗೆಯ ಲೋಟ. ಬಿಸಿನೀರಿನಲ್ಲಿ ತೊಳೆದರೆ ಮೈಲಿಗೆಯೂ ಇಲ್ಲ, ಕಲೆಯೂ ಇಲ್ಲ. ಶರಣರು ಬೋಧಿಸಿದ ಸಮಾನಪಂಕ್ತಿಯ ಆದರ್ಶಕ್ಕೆ ಆಧುನಿಕ ಲೋಹಶಾಸ್ತ್ರವು ಹೀಗೆ ಅನುಕೂಲವನ್ನು ಒದಗಿಸಿದೆ.

ಗೋಡೆಯೊಳಗಿನ ಉಕ್ಕು

ಕಣ್ಣಿಗೆ ಕಾಣದೆ ಕೆಲಸ ಮಾಡುವ ಉಕ್ಕು ಕಟ್ಟಡಗಳಲ್ಲಿದೆ. ಕಾಂಕ್ರೀಟು ಕಲ್ಲಿನಂತೆಯೇ ಭಾರವನ್ನು ಹೊರುತ್ತದೆ, ಎಳೆತಕ್ಕೆ ಬಿರಿಯುತ್ತದೆ. ಎಳೆತ ಬೀಳುವೆಡೆಯಲ್ಲಿ ಉಕ್ಕಿನ ಕಂಬಿಗಳನ್ನು ಹುದುಗಿಸಿದಾಗ ಎರಡೂ ಸೇರಿ ಒಂದರ ಕೊರತೆಯನ್ನು ಮತ್ತೊಂದು ತುಂಬುತ್ತವೆ. ಬಿಸಿಲಿಗೆ ಉಕ್ಕು ಮತ್ತು ಕಾಂಕ್ರೀಟು ಹೆಚ್ಚುಕಡಿಮೆ ಒಂದೇ ಪ್ರಮಾಣದಲ್ಲಿ ಹಿಗ್ಗುವುದರಿಂದ ಅವುಗಳ ಬಂಧ ಬಿಡದೆ ಉಳಿಯುತ್ತದೆ. ಈ ಸಹಜವಾದ ಹೊಂದಾಣಿಕೆ ಇಲ್ಲದಿದ್ದರೆ ಆಧುನಿಕ ಕಟ್ಟಡವೇ ಸಾಧ್ಯವಾಗುತ್ತಿರಲಿಲ್ಲ.

ದಾನಿಗಳ ನೆರವಿನಿಂದ ಕೊಠಡಿಗಳನ್ನು ಕಟ್ಟಿಸುವ ಸಂಸ್ಥೆಗಳು ಇಲ್ಲಿ ಎಚ್ಚರಿಕೆ ವಹಿಸುವುದು ಅವಶ್ಯ. ಕಂಬಿಗಳ ಮೇಲೆ ಐ.ಎಸ್.ಐ. ಮುದ್ರೆ ಮತ್ತು ಅವುಗಳ ದರ್ಜೆಯನ್ನು ನೋಡಬೇಕು. ಎಫ್.ಇ. 500 ಎಂದರೆ ಪ್ರತಿ ಚದರ ಮಿಲಿಮೀಟರಿಗೆ 500 ನ್ಯೂಟನ್ ಎಳೆತದವರೆಗೆ ಶಾಶ್ವತವಾಗಿ ಹಿಗ್ಗದ ಉಕ್ಕು ಎಂದರ್ಥ. ಕಂಬಿಯ ಸುತ್ತ ನಿಗದಿಯಾದಷ್ಟು ದಪ್ಪ ಕಾಂಕ್ರೀಟು ಇರಬೇಕು. ತೇವವು ಒಳನುಗ್ಗಿ ಕಂಬಿಗೆ ತುಕ್ಕು ಹಿಡಿದರೆ, ತುಕ್ಕು ಮೂಲ ಲೋಹಕ್ಕಿಂತ ಹಲವು ಪಟ್ಟು ಜಾಗವನ್ನು ಬೇಡುವುದರಿಂದ, ಒಳಗಿನಿಂದಲೇ ಕಾಂಕ್ರೀಟು ಸಿಡಿಯುತ್ತದೆ. ಮಾಳಿಗೆಯಿಂದ ಉದುರುವ ಗಾರೆಯ ಚೂರು ಒಳಗೆ ಕಂಬಿಗೆ ತುಕ್ಕು ಹಿಡಿದಿರುವುದರ ಸೂಚನೆಯಾಗಿರಬಹುದು. ಮಕ್ಕಳು ಕುಳಿತು ಓದುವ ಕೊಠಡಿಯಲ್ಲಿ ಅದನ್ನು ಕಂಡೂ ಸುಣ್ಣ ಬಳಿದು ಮುಚ್ಚುವುದು ಅಪರಾಧಕ್ಕೆ ಸಮ.

ತಯಾರಿಕೆ ಮತ್ತು ಅದರ ಬೆಲೆ

ಕನ್ನಡ ನಾಡು ಕಳೆದುಕೊಂಡಿದ್ದ ಉಕ್ಕಿನ ವಿದ್ಯೆಯನ್ನು ಆಧುನಿಕ ರೂಪದಲ್ಲಿ ಮರಳಿ ತರುವ ಪ್ರಯತ್ನ ಭದ್ರಾವತಿಯಲ್ಲಿ ನಡೆಯಿತು. ವಿಶ್ವೇಶ್ವರಯ್ಯನವರ ದೂರದೃಷ್ಟಿಯ ಫಲವಾದ ಮೈಸೂರು ಕಬ್ಬಿಣದ ಕಾರ್ಖಾನೆ 1923ರಲ್ಲಿ ಕೆಲಸ ಆರಂಭಿಸಿ, ಕೆಮ್ಮಣ್ಣುಗುಂಡಿಯ ಅದಿರನ್ನು ಮಲೆನಾಡಿನ ಕಟ್ಟಿಗೆಯ ಇದ್ದಿಲಿನಿಂದ ಕರಗಿಸಿತು. 1930ರ ದಶಕದಲ್ಲಿ ಉಕ್ಕಿನ ವಿಭಾಗ ಸೇರಿತು. ಕಾಲಾಂತರದಲ್ಲಿ ಭಾರತ ಉಕ್ಕು ಪ್ರಾಧಿಕಾರದಲ್ಲಿ ವಿಲೀನವಾದ ಈ ಕಾರ್ಖಾನೆಯನ್ನು ಮುಚ್ಚುವ ನಿರ್ಧಾರ 2023ರ ಜನವರಿಯಲ್ಲಿ, ಶತಮಾನೋತ್ಸವದ ತಿಂಗಳಿನಲ್ಲಿಯೇ, ಹೊರಬಿದ್ದಾಗ ಕಾರ್ಮಿಕರು ದೀರ್ಘಕಾಲ ಹೋರಾಟ ನಡೆಸಿದರು. ಅದೇ ವೇಳೆಗೆ ಬಳ್ಳಾರಿ ಜಿಲ್ಲೆಯ ತೋರಣಗಲ್ಲಿನಲ್ಲಿ ದೇಶದ ಅತಿ ದೊಡ್ಡ ಉಕ್ಕಿನ ಸ್ಥಾವರಗಳಲ್ಲಿ ಒಂದು ಬೆಳೆದು ನಿಂತಿತ್ತು. ಸ್ವಾತಂತ್ರ್ಯ ಬಂದಾಗ ವರ್ಷಕ್ಕೆ ಸುಮಾರು ಹತ್ತು ಲಕ್ಷ ಟನ್ ಉಕ್ಕನ್ನು ಉತ್ಪಾದಿಸುತ್ತಿದ್ದ ಭಾರತ 2023ರಲ್ಲಿ 14 ಕೋಟಿ ಟನ್ನುಗಳನ್ನು ಉತ್ಪಾದಿಸಿ, ಚೀನದ ಅನಂತರ ಎರಡನೆಯ ಸ್ಥಾನವನ್ನು ಉಳಿಸಿಕೊಂಡಿತು.

ಈ ಸಮೃದ್ಧಿಗೆ ಪ್ರಕೃತಿಯು ತೆರುವ ಬೆಲೆಯೂ ಉಂಟು. ಊದುಕುಲುಮೆಯ ವಿಧಾನದಲ್ಲಿ ಒಂದು ಟನ್ ಉಕ್ಕಿಗೆ ಸುಮಾರು ಒಂದೂವರೆ ಟನ್ ಅದಿರು, ಮುಕ್ಕಾಲು ಟನ್ನಿಗೂ ಮೇಲ್ಪಟ್ಟು ಕಲ್ಲಿದ್ದಲು ಬೇಕು. ಅದಿರಿಗಾಗಿ ಸಂಡೂರು ಪ್ರದೇಶದ ಬೆಟ್ಟಗಳು ಗಾಯಗೊಂಡವು; ಕುದುರೆಮುಖದಲ್ಲಿ ಗಣಿಗಾರಿಕೆ 2005ರ ಕೊನೆಗೆ ನಿಂತಿತು. ಗಾಳಿಯನ್ನು ಸೇರುವ ಇಂಗಾಲಾಮ್ಲದಲ್ಲಿ ಉಕ್ಕಿನ ಉದ್ಯಮದ ಪಾಲು ಗಣನೀಯವಾಗಿದೆ. ಉಕ್ಕಿಗಿರುವ ಒಂದು ದೊಡ್ಡ ಗುಣವೆಂದರೆ ಅದನ್ನು ಎಷ್ಟು ಬಾರಿ ಬೇಕಾದರೂ ಕರಗಿಸಿ ಮತ್ತೆ ಬಳಸಬಹುದು. ಗುಜರಿಗೆ ಹೋದ ನೇಗಿಲು ನಾಳೆ ಕಂಬಿಯಾಗಿ ಮರಳಬಹುದು. ಆದ್ದರಿಂದ ಮೂಲೆಯಲ್ಲಿ ತುಕ್ಕು ಹಿಡಿಯುತ್ತಿರುವ ಹಳೆಯ ಬೆಂಚು, ಮುರಿದ ಗೇಟುಗಳನ್ನು ಗುಜರಿಗೆ ಕೊಡುವುದೂ, ಉಪಯೋಗಕ್ಕೆ ಬರುವುದನ್ನು ಬಣ್ಣ ಬಳಿದು ಉಳಿಸಿಕೊಳ್ಳುವುದೂ ಬೆಟ್ಟವೊಂದನ್ನು ಕಾಯುವ ಕೆಲಸವೇ.

ಉಪಸಂಹಾರ

ಉಕ್ಕು ಬಲವಾದುದು, ಆದರೆ ಚಿರಂಜೀವಿಯಲ್ಲ. ಭೂಮಿಯಲ್ಲಿ ಅದಿರಾಗಿದ್ದುದು ಕುಲುಮೆಯಲ್ಲಿ ಉಕ್ಕಾಗುತ್ತದೆ; ಅಲಕ್ಷಿಸಿದರೆ ನೀರು ಗಾಳಿಗಳ ಸಂಗದಿಂದ ತುಕ್ಕಾಗಿ ಮತ್ತೆ ಮಣ್ಣಿನ ಕಡೆಗೆ ಹೊರಡುತ್ತದೆ. ನಡುವಣ ಅವಧಿಯನ್ನು ಹಿಗ್ಗಿಸುವುದು ಮನುಷ್ಯನ ಎಚ್ಚರ ಮತ್ತು ಕಾಯಕ. ಅಣೆಕಟ್ಟಿನ ಸರಪಳಿಗೆ ಎಣ್ಣೆ, ಕಾರ್ಖಾನೆಯ ಉರುಳೆಗೆ ದುರಸ್ತಿ, ಮಚ್ಚಿಗೆ ಹದ, ಕಿಟಕಿಯ ಸರಳಿಗೆ ಬಣ್ಣ, ಇವೆಲ್ಲವೂ ಸಣ್ಣ ಕೆಲಸಗಳಂತೆ ತೋರಿದರೂ ದೊಡ್ಡ ಅನಾಹುತಗಳನ್ನು ತಡೆಯುವಂಥವು.

ಶಾಲೆಗಳು ಈ ದಿಸೆಯಲ್ಲಿ ಮಾಡಬಹುದಾದ ಕಾರ್ಯ ಬಹಳವಿದೆ. ಸುತ್ತಿಗೆ, ಅರ, ಗರಗಸಗಳಿರುವ ಒಂದು ಪುಟ್ಟ ಕರ್ಮಶಾಲೆಯನ್ನು ಇಟ್ಟು, ಹುಡುಗರಿಗೂ ಹುಡುಗಿಯರಿಗೂ ಸಮನಾಗಿ ಅದರ ಪರಿಚಯ ಮಾಡಿಸಬಹುದು. ಊರಿನಲ್ಲಿ ಉಳಿದಿರುವ ಕಮ್ಮಾರನನ್ನೂ ನಾಗಮಂಗಲದ ಲೋಹಶಿಲ್ಪಿಯನ್ನೂ ಗುರುಗಳಾಗಿ ಕರೆಸಿ ಅವರಿಂದ ಒಂದು ದಿನದ ಪಾಠ ಹೇಳಿಸಬಹುದು. ಉಕ್ಕು ನೀರಿಗಿಳಿಯುವ ಮುನ್ನ ಹಳದಿಯಿಂದ ನೀಲಿಗೆ ತಿರುಗುವುದನ್ನು ಕಣ್ಣಾರೆ ಕಂಡ ಮಗು ರಸಾಯನಶಾಸ್ತ್ರದ ಆ ಅಧ್ಯಾಯವನ್ನು ಜೀವನಪರ್ಯಂತ ಮರೆಯದು. ತಾಂತ್ರಿಕ ಕಸುಬುಗಳಲ್ಲಿ ನೆಲೆಗೊಂಡಿರುವ ಹಳೆಯ ವಿದ್ಯಾರ್ಥಿಗಳು ವರ್ಷಕ್ಕೊಮ್ಮೆ ಬಂದು ಶಾಲೆಯ ಗೇಟು, ನೀರಿನ ತೊಟ್ಟಿ, ಮಾಳಿಗೆಗಳನ್ನು ಪರೀಕ್ಷಿಸಿ ಹೋದರೆ ಅದೂ ಒಂದು ಬಗೆಯ ದಾಸೋಹ.

ಪ್ರಸಾದದ ವೇಳೆಗೆ ತಟ್ಟೆಗಳನ್ನು ತೊಳೆದು, ಒರೆಸಿ, ಒಂದರ ಮೇಲೊಂದು ಜೋಡಿಸಿಡುವ ವಿದ್ಯಾರ್ಥಿಯ ಕೈಯಲ್ಲಿ ಶತಮಾನಗಳ ಅರಿವು ಇದೆ. ಅದನ್ನು ಅವನಿಗೆ ತಿಳಿಸಿಕೊಡುವುದು ಗುರುಗಳ ಕರ್ತವ್ಯ, ತಿಳಿದು ಜೋಪಾನವಾಗಿ ಉಳಿಸಿಕೊಳ್ಳುವುದು ಅವನ ಕಾಯಕ.